ನಾಲ್ಕು ಸೆಕೆಂಡಿನ ಸಂದು

ಮನೆಯಲ್ಲಿ ಅವಳಿಗೆ ರೇಡಿಯೋ ಎಂದೇ ಹೆಸರು. ಮೂರು ವರ್ಷದವಳಿದ್ದಾಗ ಅಪ್ಪ ಇಟ್ಟದ್ದು. ಒಮ್ಮೆ ಮಾತು ಶುರುಮಾಡಿದಳೆಂದರೆ, ನಿಲ್ಲಿಸುವ ಗುಂಡಿ ಎಲ್ಲಿದೆಯೋ ಎಂದು ಅವರು ಅವಳ ಕಿವಿಯ ಹಿಂದೆ, ಕತ್ತಿನ ಕೆಳಗೆ ಹುಡುಕುತ್ತಿದ್ದರಂತೆ. ಈಗ ಅವಳಿಗೆ ಐವತ್ತೆರಡು. ಹೆಸರೂ ಹೋಗಿಲ್ಲ, ಗುಂಡಿಯೂ ಸಿಕ್ಕಿಲ್ಲ.

ಆ ಮಾತೇ ಅವಳಿಗೆ ಕೆಲಸವೂ ಆಯಿತು. ಕಣ್ಣು ಕಾಣದವರು ಸಿನಿಮಾಕ್ಕೆ ಬಂದರೆ ಕೆಲವು ಚಿತ್ರಮಂದಿರಗಳಲ್ಲಿ ಅವರ ಕೈಗೆ ಒಂದು ಹೆಡ್‌ಫೋನ್ ಕೊಡುತ್ತಾರೆ. ಪಾತ್ರಗಳ ಮಾತು ಎಲ್ಲರ ಹಾಗೆ ಅವರಿಗೂ ಕೇಳಿಸುತ್ತದೆ. ಮಾತಿಲ್ಲದ ಕಡೆ ಪರದೆಯ ಮೇಲೆ ಏನು ನಡೆಯುತ್ತಿದೆ ಎನ್ನುವುದನ್ನು ಹೆಡ್‌ಫೋನಿನೊಳಗಿಂದ ಒಂದು ದನಿ ಹೇಳುತ್ತಾ ಹೋಗುತ್ತದೆ. ಆ ದನಿ ಅವಳದು. ಕೇಳಿದರೆ ಸುಲಭದ ಕೆಲಸ ಅನ್ನಿಸುತ್ತದೆ. ಆದರೆ ಪಾತ್ರಗಳ ಮಾತಿನ ಮೇಲೆ ತನ್ನ ಮಾತು ಬೀಳಬಾರದು. ಒಬ್ಬರು ನಿಲ್ಲಿಸಿ ಇನ್ನೊಬ್ಬರು ಶುರುಮಾಡುವ ನಡುವಿನ ಸಂದಿನಲ್ಲಿ ತೂರಿಕೊಂಡು ಹೇಳಿ ಹೊರಗೆ ಬಂದುಬಿಡಬೇಕು. ಎರಡು ಸೆಕೆಂಡು ಸಿಕ್ಕರೆ ಮೂರು ಪದ. ನಾಲ್ಕು ಸಿಕ್ಕರೆ ಆರೋ ಏಳೋ. ಏನು ಹೇಳಬೇಕು ಎನ್ನುವುದಕ್ಕಿಂತ ಏನನ್ನು ಬಿಡಬೇಕು ಎನ್ನುವುದೇ ಆ ಕೆಲಸದ ಕಷ್ಟ.

ಆ ಸಲ ಅವಳ ಪಾಲಿಗೆ ಬಂದದ್ದು ಮನೆಮಂದಿಯೆಲ್ಲ ನೋಡುವಂಥ ಒಂದು ನಗೆ ಸಿನಿಮಾ. ಒಂದು ಮನೆ, ಒಂಬತ್ತು ಜನ, ಒಂದೇ ಬಚ್ಚಲು. ಪೈಪು ಒಡೆದುಹೋಗಿ, ಮೊದಲು ಯಾರು ಸ್ನಾನ ಮಾಡಬೇಕು ಎಂದು ಎರಡು ಗಂಟೆಯ ಜಗಳ. ಆ ಮನೆಯಲ್ಲೊಬ್ಬ ದೊಡ್ಡಮ್ಮ. ಬಾಯಿ ತೆರೆದರೆ ಬೈಗುಳ. ಮುದಿ ಮಾವನಿಂದ ಹಿಡಿದು ಡೊಳ್ಳುಹೊಟ್ಟೆಯ ಭಾವಮೈದುನನವರೆಗೆ ಯಾರನ್ನೂ ಬಿಡುವವಳಲ್ಲ. ಆದರೆ ಬಾಯಿ ಬೈಯುತ್ತಿರುವಾಗ ಅವಳ ಕೈ ಬೇರೇನೋ ಮಾಡುತ್ತಿರುತ್ತದೆ. ದೀಪ ದಂಡ ಮಾಡ್ತೀಯ ಎಂದು ಓದುವ ಹುಡುಗಿಗೆ ಬೈಯುತ್ತಲೇ ದೀಪವನ್ನು ಅವಳ ಪುಸ್ತಕದ ಹತ್ತಿರಕ್ಕೆ ಸರಿಸುತ್ತಾಳೆ. ಕುರ್ಚಿಯಿಂದ ಕಾಲು ಜೋತುಬಿಟ್ಟ ಮಾವನಿಗೆ ಬೈಯುತ್ತಲೇ, ಯಾರೂ ನೋಡದ ಹಾಗೆ ಪಾದದಿಂದ ಒಂದು ಮಣೆಯನ್ನು ಅವನ ಕಾಲ ಕೆಳಗೆ ನೂಕುತ್ತಾಳೆ.

ಎಲ್ಲಕ್ಕಿಂತ ಚೆಂದದ್ದು ಸೋಪಿನ ದೃಶ್ಯ. ಭಾವಮೈದುನ ಸೋಪಿನ ನೀರಿನ ಮೇಲೆ ಕಾಲಿಟ್ಟು ಜಾರಿ, ಬಕೆಟ್ಟಿನೊಂದಿಗೆ ಉರುಳಿ, ಬಾಗಿಲಿಗೆ ಹೋಗಿ ಬಡಿಯುತ್ತಾನೆ. ಅದೇ ಹೊತ್ತಿಗೆ ಪರದೆಯ ಮೂಲೆಯಲ್ಲಿ ದೊಡ್ಡಮ್ಮ ತನ್ನ ಹೆಗಲ ಮೇಲಿನ ಒಣ ಟವೆಲ್ಲನ್ನು ಚಳಿಯಲ್ಲಿ ನಡುಗುತ್ತಿರುವ ಮಾವನಿಗೆ ಹೊದಿಸಿ, ಅವನ ಒದ್ದೆ ಟವೆಲ್ಲನ್ನು ತಾನು ಹೊದ್ದುಕೊಳ್ಳುತ್ತಾಳೆ. ಎರಡಕ್ಕೂ ಸೇರಿ ಮಾತಿಲ್ಲದ ಜಾಗ ನಾಲ್ಕು ಸೆಕೆಂಡು.

ಧ್ವನಿಮುದ್ರಣ ಮಾಡುತ್ತಿದ್ದವರು ಅವಳಿಗಿಂತ ಎರಡು ವರ್ಷ ದೊಡ್ಡವರು, ಕನ್ನಡಕಕ್ಕೆ ದಾರ ಕಟ್ಟಿ ಕೊರಳಿಗೆ ಹಾಕಿಕೊಂಡವರು. ಗಾಜಿನ ಆಚೆಯಿಂದ ಕೇಳಿದರು: "ಮೇಡಂ, ದೊಡ್ಡಮ್ಮ ಟವೆಲ್ ಕೊಡ್ತಾಳಲ್ಲ, ಅದು ಹೇಳೋದು ಬೇಡ್ವಾ?"

"ಜಾಗ ಎಲ್ಲಿದೆ ಸಾರ್? ಬೀಳೋದನ್ನ ಹೇಳ್ಲೋ, ಟವೆಲ್ ಹೇಳ್ಲೋ?"

"ನೀವೇ ನೋಡಿ."

"ಬೀಳೋದೇ ಇರ್ಲಿ. ಜನ ನಗೋಕೆ ತಾನೇ ಬರೋದು?"

ಹೀಗೆ ಏಳು ಕಡೆ ಅವಳು ಬೀಳುವುದನ್ನೂ ಒಡೆಯುವುದನ್ನೂ ಹೇಳಿದಳು. ದೊಡ್ಡಮ್ಮನ ಕೈಯನ್ನು ಬಿಟ್ಟಳು.

ಸಿನಿಮಾ ಓಡಿತು. ಓಡಿದ್ದು ಸೋಪಿನಿಂದಲ್ಲ. ಬಸ್ಸಿನಲ್ಲಿ, ಲಿಫ್ಟಿನಲ್ಲಿ, ಹಲ್ಲಿನ ಡಾಕ್ಟರ ಹೊರಕೋಣೆಯಲ್ಲಿ ಎಲ್ಲರ ಬಾಯಲ್ಲೂ ದೊಡ್ಡಮ್ಮನೇ. "ಅಂಥೋರು ಒಬ್ರು ಇದ್ರೆ ಸಾಕು ಕಣ್ರೀ ಮನೇಲಿ" ಎಂದು ಒಬ್ಬಾಕೆ ಇನ್ನೊಬ್ಬಾಕೆಗೆ ಹೇಳುವುದನ್ನು ಕೇಳಿದಾಗ ಅವಳಿಗೆ ಸಣ್ಣಗೆ ಏನೋ ಚುಚ್ಚಿತು. ಆದರೆ ಚುಚ್ಚಿದ್ದನ್ನು ಮಾತಿನಲ್ಲಿ ಮರೆಯುವುದು ಅವಳಿಗೆ ಅಭ್ಯಾಸವಾಗಿತ್ತು.

ಒಂದು ಭಾನುವಾರ ಮಧ್ಯಾಹ್ನ ಅಪ್ಪನನ್ನು ಕರೆದುಕೊಂಡು ಆ ಸಿನಿಮಾಕ್ಕೆ ಹೋದಳು. ಅಪ್ಪ ಮೂವತ್ತು ವರ್ಷ ಬಸ್ಸು ಓಡಿಸಿದವರು. ಕಣ್ಣಿನ ಒತ್ತಡ ಏರಿ, ಹನ್ನೊಂದು ವರ್ಷದ ಕೆಳಗೆ ದೃಷ್ಟಿ ಪೂರ್ತಿ ಹೋಯಿತು. ಇರುವುದು ಅಣ್ಣನ ಮನೆಯಲ್ಲಿ. ಅಣ್ಣ ರೈಲಿನ ಗಾರ್ಡು. ವಾರಕ್ಕೆ ಮೂರು ದಿನ ಮನೆ ಕಂಡರೆ ಹೆಚ್ಚು. ಹಾಗಾಗಿ ಮನೆ ಎಂದರೆ ಅಪ್ಪ ಮತ್ತು ಅತ್ತಿಗೆ. ಅತ್ತಿಗೆ ಮನೆಯಲ್ಲೇ ಹೊಲಿಗೆ ಮಿಷನ್ ಇಟ್ಟುಕೊಂಡವರು, ದಿನಕ್ಕೆ ಹತ್ತು ಮಾತಾಡಿದರೆ ಅದೇ ದೊಡ್ಡದು. "ನನ್ನ ಹಣೇಲಿ ಒಂದು ರೇಡಿಯೋ, ಒಂದು ಬೀಗ ಬರ್ದಿತ್ತು" ಎಂದು ಅಪ್ಪ ಬಂದವರಿಗೆಲ್ಲ ಹೇಳುತ್ತಿದ್ದರು.

ಹೆಡ್‌ಫೋನು ಹಾಕಿಕೊಂಡು ಅಪ್ಪ ಸೋಪಿನ ದೃಶ್ಯಕ್ಕೆ ಕುರ್ಚಿ ಅಲ್ಲಾಡುವ ಹಾಗೆ ನಕ್ಕರು. "ಬ್ರೇಕೇ ಇಲ್ಲ ಕಣೆ ಅವನಿಗೆ!" ಮಗಳಿಗೂ ಖುಷಿಯಾಯಿತು. ಕೊನೆಯ ದೃಶ್ಯ ಬಂತು. ಪೈಪು ರಿಪೇರಿಯಾಗಿದೆ, ಮೊದಲ ಬಿಸಿನೀರು ಬಂದಿದೆ. ಸಿನಿಮಾದುದ್ದಕ್ಕೂ ಎಲ್ಲರೂ ಮಿಂದು ಉಳಿಸಿದ ತಣ್ಣೀರಿನಲ್ಲಿ ಕೊನೆಯವಳಾಗಿ ಮಿಂದ ದೊಡ್ಡಮ್ಮನಿಗೆ, ಮನೆಯವರೆಲ್ಲ ದಾರಿ ಬಿಟ್ಟು ಸರಿದು ನಿಂತಿದ್ದಾರೆ. ಯಾರೂ ಮಾತಾಡುವುದಿಲ್ಲ. ಅಪ್ಪನ ಕಿವಿಯಲ್ಲಿ ಮಗಳ ದನಿ ಹೇಳಿತು: "ದೊಡ್ಡಮ್ಮ ಬಚ್ಚಲಿಗೆ ಹೋಗುತ್ತಾಳೆ. ಉಳಿದವರು ಟವೆಲ್ ಹಿಡಿದು ಸಾಲಾಗಿ ನಿಂತಿದ್ದಾರೆ."

ಚಿತ್ರಮಂದಿರದಲ್ಲಿ ಚಪ್ಪಾಳೆ ಶುರುವಾಯಿತು. ಪಕ್ಕದ ಕುರ್ಚಿಯ ಹೆಂಗಸು ಮೂಗು ಒರೆಸಿಕೊಳ್ಳುತ್ತಿದ್ದಳು.

ಅಪ್ಪ ಹೆಡ್‌ಫೋನು ತೆಗೆದರು. "ಏನೇ ಇದು? ಎಲ್ರನ್ನೂ ದಬಾಯಿಸಿ ಕೊನೆಗೂ ಮುಂದೆ ನುಗ್ಗಿಬಿಟ್ಳಲ್ಲ ಆ ಬಾಯಿಬಡುಕಿ. ಅದಕ್ಕೆ ಚಪ್ಪಾಳೆ ಬೇರೆ. ಈ ಜನಕ್ಕೇನು ಹುಚ್ಚಾ?"

ಸುತ್ತಲೂ ಮುನ್ನೂರು ಜನ ಒಂದು ಸಿನಿಮಾ ನೋಡಿದ್ದರು. ಅಪ್ಪನಿಗೆ ಅವಳು ಬೇರೆಯದನ್ನೇ ತೋರಿಸಿದ್ದಳು.

ಬಸ್ಸಿನಲ್ಲಿ ಹೇಳಿಬಿಡೋಣ ಎಂದುಕೊಂಡಳು. ಅಷ್ಟರಲ್ಲಿ ಅಪ್ಪನೇ ಮಾತು ತೆಗೆದರು. "ನಮ್ಮನೆ ಬೀಗಾನೂ ಅದೇ ಜಾತಿ. ಆ ದೊಡ್ಡಮ್ಮ ಬಾಯಿ ಬಿಟ್ಟು ಬೈತಾಳೆ, ಇವಳು ಬಾಯಿ ಬಿಡದೇ ಬೈತಾಳೆ, ಅಷ್ಟೇ ವ್ಯತ್ಯಾಸ. ದಿನವಿಡೀ ಚಪ್ಪಲಿ ಎಳ್ಕೊಂಡು ಓಡಾಡ್ತಾಳೆ. ಸರ್ರ್, ಸರ್ರ್. ಇರೋದೇ ಒಬ್ಬ ಮುದುಕ, ಅವನ ಮುಂದೆ ಅಷ್ಟು ಸೊಕ್ಕೇ?"

"ಹಾಗಲ್ಲಪ್ಪ..."

"ಏನು ಹಾಗಲ್ಲ? ನಾನು ತೀರ್ಮಾನ ಮಾಡಿಬಿಟ್ಟೆ ಕಣೆ. ಬರೋ ಶುಕ್ರವಾರ ನಿನ್ನ ಮನೆಗೇ ಬಂದ್ಬಿಡ್ತೀನಿ. ನಿನ್ನಣ್ಣನಿಗೂ ಹೇಳಿದ್ದೀನಿ. ನನ್ನ ಅಂಗಿಗೆ ಗಂಟು ಹಾಕಿದ ಕೈ ಇರೋ ಕಡೆ ನಾನಿರ್ತೀನಿ."

ಅಂಗಿಯ ಗಂಟು. ಅವಳು ಕಿಟಕಿಯ ಕಡೆ ಮುಖ ತಿರುಗಿಸಿದಳು, ಅಪ್ಪನಿಗೆ ಕಾಣುವುದಿಲ್ಲ ಎನ್ನುವುದನ್ನೂ ಮರೆತು.

ಅದು ಅಪ್ಪನ ದೃಷ್ಟಿ ಹೋದ ವರ್ಷದ ಮಾತು. ಅವರು ಯಾರೊಂದಿಗೂ ಮಾತಾಡದೆ ಗೋಡೆಗೆ ಮುಖಮಾಡಿ ಕೂರುತ್ತಿದ್ದ ದಿನಗಳು. ಒಂದು ಸಂಜೆ ಅವಳು ಬಂದಾಗ ಹೊಲಿಗೆ ಮಿಷನ್ನಿನ ಮೇಲೆ ಅಪ್ಪನ ಅಂಗಿಗಳು ಇಸ್ತ್ರಿಯಾಗಿ ಕೂತಿದ್ದವು. ಎತ್ತಿಕೊಂಡು ಹೋಗಿ ಅಪ್ಪನ ಮಡಿಲಲ್ಲಿಟ್ಟಳು. ಅವರ ಬೆರಳು ಕಾಲರಿನ ಒಳಗೆ ಏನನ್ನೋ ಮುಟ್ಟಿ ನಿಂತಿತು. "ಇದೇನೇ, ದಾರದ ಗಂಟು? ಇದರಲ್ಲಿ ಒಂದು... ಇದರಲ್ಲಿ ಎರಡು." ಅವಳು ಬಗ್ಗಿ ನೋಡಿ, ನೋಡಿದ್ದನ್ನು ಹೇಳಿದಳು: "ಬಿಳಿ ಅಂಗಿಗೆ ಒಂದು ಗಂಟು, ನೀಲಿಗೆ ಎರಡು, ಬೂದಿಗೆ ಮೂರು." ಅಪ್ಪನ ಮುಖ ಬಿಚ್ಚಿಕೊಂಡಿತು. "ಯಾವ ಬಣ್ಣದ ಅಂಗಿ ಅಂತ ಇನ್ನೊಬ್ರನ್ನ ಕೇಳೋ ಹಾಗಿಲ್ಲ! ನನ್ನ ಮಗಳಿಗಲ್ದೆ ಇನ್ಯಾರಿಗೆ ಹೊಳೀಬೇಕು ಇದು? ನೀನೇ ತಾನೇ?" ಎಂದು ಅವಳ ಎರಡೂ ಕೈ ಹಿಡಿದು ಅತ್ತರು. ದೃಷ್ಟಿ ಹೋದಮೇಲೆ ಅತ್ತದ್ದು ಅದೇ ಮೊದಲು. ಅಳುತ್ತಿದ್ದವರ ಕೈಯಿಂದ ಕೈ ಬಿಡಿಸಿಕೊಂಡು ಅಲ್ಲ ಎನ್ನುವುದು ಹೇಗೆ? ಅವಳು "ಹೂಂ" ಅಂದಳು. ನಾಳೆ ಹೇಳಿದರಾಯಿತು ಎಂದುಕೊಂಡಳು.

ಆ ನಾಳೆಗೆ ಹನ್ನೊಂದು ವರ್ಷ ತುಂಬಿತ್ತು.

ಆ ರಾತ್ರಿಯಿಡೀ ಹಾಸಿಗೆ ಮುಳ್ಳಾಯಿತು. ಸಿನಿಮಾವನ್ನಾದರೂ ಸರಿಮಾಡುತ್ತೇನೆ ಎಂದು ಬೆಳಗ್ಗೆಯೇ ಸ್ಟುಡಿಯೋಗೆ ಫೋನು ಮಾಡಿದಳು. ಬುಧವಾರ ಒಂದು ಗಂಟೆ ಸಿಕ್ಕಿತು.

"ಭಾವಮೈದುನ ಬೀಳೋದನ್ನ ತೆಗೆದ್ಬಿಟ್ರೆ ಜನಕ್ಕೆ ಗೊತ್ತಾಗಲ್ವಲ್ಲ ಸಾರ್" ಎಂದು ಅವಳು ಮತ್ತೆ ಅನುಮಾನಿಸಿದಾಗ, ಕನ್ನಡಕದವರು ಪರದೆ ಆರಿಸಿ ಆ ನಾಲ್ಕು ಸೆಕೆಂಡನ್ನು ಕೇಳಿಸಿದರು. ಕತ್ತಲಲ್ಲಿ ಕಾಲು ಜಾರಿದ ಸದ್ದು, ಅಯ್ಯಯ್ಯೋ, ಬಕೆಟ್ಟು ಉರುಳಿದ ಸದ್ದು, ಬಾಗಿಲಿಗೆ ಧಡ್.

"ಬಿದ್ದದ್ದು ಎಲ್ರಿಗೂ ಕೇಳಿಸುತ್ತೆ ಮೇಡಂ. ಟವೆಲ್ಲಿಗೆ ಸದ್ದಿಲ್ಲ" ಎಂದರು. "ಅವತ್ತೇ ಹೇಳ್ಬೇಕು ಅನ್ಕೊಂಡೆ. ನಿಮ್ಮ ಮಾತಿನ ಮಧ್ಯೆ ಸಂದು ಸಿಗ್ಲಿಲ್ಲ."

ತಮಾಷೆಗೆ ಹೇಳಿದ್ದೇ. ಅವಳು ನಗಲೂ ಪ್ರಯತ್ನಿಸಿದಳು. ಏಳು ಜಾಗವನ್ನೂ ಹೊಸದಾಗಿ ಹೇಳಿದಳು. ಆದರೆ ಹಳೆಯದನ್ನು ಕೇಳಿಕೊಂಡು ಮನೆಗೆ ಹೋದವರು ಹೋಗಿಯಾಗಿತ್ತು. ಎಲ್ಲೆಲ್ಲೋ ಎಷ್ಟೋ ಜನ, ಆ ದೊಡ್ಡಮ್ಮನನ್ನು ಕೆಟ್ಟವಳೆಂದೇ ತಿಳಿದು.

ಗುರುವಾರ ಅರ್ಧ ದಿನ ರಜೆ ಹಾಕಿ ಅಣ್ಣನ ಮನೆಗೆ ಹೋದಳು. ನಡುಮನೆಯಲ್ಲಿ ಅಪ್ಪನ ಪೆಟ್ಟಿಗೆ ಬಾಯಿ ತೆರೆದುಕೊಂಡಿತ್ತು. ಅತ್ತಿಗೆ ನೆಲದ ಮೇಲೆ ಕೂತು, ಸೂಜಿ ಹಿಡಿದು, ಒಂದೊಂದೇ ಅಂಗಿಯ ಕಾಲರು ಮಡಚಿ ನೋಡುತ್ತಿದ್ದರು.

"ಬಾ" ಎಂದರು, ತಲೆ ಎತ್ತದೆ. "ಹಳೇ ಗಂಟೆಲ್ಲ ಒಗೆದು ಒಗೆದು ಸವೆದಿತ್ತು. ಹೊಸದು ಹಾಕ್ದೆ. ಇನ್ನು ಎರಡು ವರ್ಷ ಯೋಚನೆಯಿಲ್ಲ. ಹೊಸ ಅಂಗಿ ತಗೊಂಡ್ರೆ ನಂಗೆ ಕಳ್ಸು. ನಿಂಗೆ ಸೂಜಿ ಹಿಡಿಯೋಕೆ ಬರಲ್ಲ."

ಅವಳು ಪಕ್ಕದಲ್ಲಿ ಕೂತಳು. "ಅತ್ತಿಗೆ... ನಿಮಗೆ ಗೊತ್ತಿತ್ತಾ? ಅಪ್ಪ ಇದನ್ನ..."

"ಆ ಗೋಡೆ ಎಷ್ಟು ದಪ್ಪ ಇದೆ?" ಅತ್ತಿಗೆ ದಾರವನ್ನು ಹಲ್ಲಿನಿಂದ ಕತ್ತರಿಸಿದರು. "ಅವತ್ತೇ ಕೇಳಿಸ್ತು. ಅವತ್ತು ಮಾವ ಮೂರು ತಿಂಗಳ ಮೇಲೆ ಹೊಟ್ಟೆ ತುಂಬ ಊಟ ಮಾಡಿದ್ರು. ಮಗಳು ಹಾಕಿದ ಗಂಟು ಅಂತ. ಸೊಸೆ ಹಾಕಿದ್ದು ಅಂದಿದ್ರೆ ಅಷ್ಟು ಉಣ್ತಿರ್ಲಿಲ್ಲ. ಬಿಡು ಅದನ್ನ. ಇಲ್ಲಿ ಕೇಳು, ಆಮೇಲೆ ಮರೆತುಹೋಗುತ್ತೆ. ಚಹಾ ಕೊಡುವಾಗ ಕಪ್ಪಿನ ಹಿಡಿ ಅವರ ಬಲಗೈ ಕಡೆ ಇರ್ಬೇಕು. ಕುರ್ಚಿ ಸರಿಸಿದ್ರೆ ಅಲ್ಲೇ ವಾಪಸ್ ಇಡ್ಬೇಕು. ನೀನು ಮೆತ್ತಗೆ ನಡೀತೀಯ, ಹಾಗೆ ನಡೀಬೇಡ. ಪಕ್ಕಕ್ಕೆ ಬಂದು ನಿಂತ್ರೆ ಅವ್ರು ಬೆಚ್ಚಿಬೀಳ್ತಾರೆ. ಚಪ್ಪಲಿ ಎಳ್ಕೊಂಡು ಓಡಾಡು. ಎಲ್ಲಿದ್ದೀಯ ಅಂತ ಗೊತ್ತಾಗ್ತಿರ್ಬೇಕು. ಮಲಗಿರೋವಾಗ ಮಾತ್ರ ಬರಿಗಾಲು."

ಅತ್ತಿಗೆ ಒಂದೇ ಉಸಿರಿಗೆ ಇಷ್ಟು ಮಾತಾಡಿದ್ದನ್ನು ಅವಳು ಎಂದೂ ಕೇಳಿರಲಿಲ್ಲ. ಬೈಗುಳ ಕೇಳಬಹುದೆಂದು ಮನಸ್ಸು ಗಟ್ಟಿಮಾಡಿಕೊಂಡು ಬಂದಿದ್ದಳು. ಬೈದಿದ್ದರೆ ಹಗುರವಾಗುತ್ತಿತ್ತೇನೋ. ಅತ್ತಿಗೆ ಬೈಯಲಿಲ್ಲ, ತಮ್ಮ ಹನ್ನೊಂದು ವರ್ಷದ ಕೆಲಸವನ್ನು, ಹೊಲಿದ ಬಟ್ಟೆ ಒಪ್ಪಿಸುವ ಹಾಗೆ, ಮಡಚಿ ಅವಳ ಕೈಗಿಟ್ಟರು. ಚಪ್ಪಲಿಯ ಗುಟ್ಟೂ ಅವಳಿಗೆ ಹೊಸದಲ್ಲ. ಅಪ್ಪ ಮಧ್ಯಾಹ್ನ ಕಣ್ಣು ಮುಚ್ಚಿದಾಗ ಬಾಗಿಲ ಬಳಿ ಚಪ್ಪಲಿ ಬಿಟ್ಟು ಅತ್ತಿಗೆ ಬೆಕ್ಕಿನ ಹಾಗೆ ನಡೆಯುವುದನ್ನು ಅವಳು ಎಷ್ಟು ಸಲ ಕಂಡಿಲ್ಲ! ಕಂಡದ್ದನ್ನೆಲ್ಲ ಹೇಳುವುದೇ ಕಸುಬಾದವಳು ಅದೊಂದನ್ನು ಹೇಳಿರಲಿಲ್ಲ. ಹೇಳಿದರೆ ಗಂಟಿನ ಮಾತೂ ಹಿಂದೆಯೇ ಹೊರಬರುತ್ತಿತ್ತು.

ಅವಳು ಎದ್ದು ಅಪ್ಪನ ಕೋಣೆಗೆ ಹೋದಳು. ಅವರು ಮಂಚದ ಮೇಲೆ, ಹೊರಡಲು ಬಸ್ಸು ಕಾಯುವವರ ಹಾಗೆ ಕೂತಿದ್ದರು.

"ರೇಡಿಯೋ ಬಂತಾ? ನಾಳೆ ಗಾಡಿ ಎಷ್ಟೊತ್ತಿಗೆ ಹೊರಡೋದು?"

"ಅಪ್ಪ, ಆ ಸಿನಿಮಾದಲ್ಲಿ ನಾನು ಒಂದಿಷ್ಟು ಬಿಟ್ಟಿದ್ದೆ."

"ಏನು ಬಿಟ್ಟಿದ್ದೆ?"

ಹೇಳಿದಳು. ಟವೆಲ್ಲು, ಮಣೆ, ದೀಪ, ಏಳನ್ನೂ ಹೇಳಿದಳು. ಅಪ್ಪನ ಹುಬ್ಬುಗಳು ಮೇಲೇರಿ ಅಲ್ಲೇ ನಿಂತವು. "ಹಾಗಾದ್ರೆ ಕೊನೇಲಿ ಅವಳು ನುಗ್ಗಿದ್ದಲ್ವಾ?"

"ಅಲ್ಲಪ್ಪ. ಅವರೆಲ್ಲ ದಾರಿ ಬಿಟ್ಟಿದ್ದು."

"ಥೂ! ಚಪ್ಪಾಳೆ ಹೊಡೆದೋರಿಗೆಲ್ಲ ಹುಚ್ಚು ಅಂದೆನಲ್ಲೇ." ಅವರು ನಕ್ಕರು. ಅವಳು ನಗಲಿಲ್ಲ ಎಂಬುದು ಕಿವಿಗೆ ಬಿದ್ದು ಅವರ ನಗೆ ನಿಂತಿತು. "ಇನ್ನೇನು?"

"ಗಂಟು ಹಾಕಿದ್ದು ನಾನಲ್ಲ."

ಹೊರಗೆ ಹೊಲಿಗೆ ಮಿಷನ್ನಿನ ಸದ್ದು ಶುರುವಾಗಿ ತಕ್ಷಣ ನಿಂತಿತು.

"ಅತ್ತಿಗೆ ಹಾಕಿದ್ದು. ಹಾಕಿ ಮಿಷನ್ ಮೇಲಿಟ್ಟಿದ್ರು. ನಾನು ಎತ್ಕೊಂಡು ಬಂದೆ, ಅಷ್ಟೇ. ಚಪ್ಪಲಿ ಎಳೆಯೋದು ಸೊಕ್ಕಿಗಲ್ಲಪ್ಪ. ತಾನು ಎಲ್ಲಿದ್ದೀನಿ ಅಂತ ನಿಮಗೆ ಗೊತ್ತಾಗ್ಲಿ ಅಂತ. ಕಪ್ಪಿನ ಹಿಡಿ ಯಾವಾಗ್ಲೂ ನಿಮ್ಮ ಕೈಗೇ ಬಂದು ಕೂರುತ್ತಲ್ಲ, ಅದು ತಾನಾಗಿ ಕೂರೋದಲ್ಲ."

ಅಪ್ಪನ ಹೆಬ್ಬೆರಳು ಹಾಕಿಕೊಂಡಿದ್ದ ಅಂಗಿಯ ಕಾಲರಿನೊಳಗೆ ಹೋಗಿತ್ತು.

"ನೀನೇ ತಾನೇ ಅಂದಾಗ ಹೂಂ ಅಂದೆಯಲ್ಲ."

"ಅಂದೆ."

"ಹನ್ನೊಂದು ವರ್ಷ?"

"ಒಂದೇ ಸಲ ಅಂದಿದ್ದು. ಆಮೇಲೆ ಸುಮ್ಮನಿದ್ದೆ."

"ರೇಡಿಯೋ ಸುಮ್ಮನಿತ್ತು" ಎಂದರು ಅಪ್ಪ. ದನಿಯಲ್ಲಿ ಸಿಟ್ಟಿರಲಿಲ್ಲ, ಅದಕ್ಕೇ ಅವಳಿಗೆ ತಡೆಯಲಾಗಲಿಲ್ಲ. "ನಾನು ಬಂದೋರಿಗೆಲ್ಲ ಹೇಳಿದೆನಲ್ಲೇ. ಅವಳ ಕಿವಿಗೆ ಬೀಳೋ ಹಾಗೇ ಹೇಳಿದೆ. ನನ್ನ ಮಗಳು ಹಾಕಿದ ಗಂಟು, ನನ್ನ ಮಗಳು ಹಾಕಿದ ಗಂಟು ಅಂತ."

"ತಪ್ಪಾಯ್ತಪ್ಪ."

"ನಂಗ್ಯಾಕೆ ಹೇಳ್ತೀಯ?" ಅವರು ಗೋಡೆಯ ಕಡೆ ತಿರುಗಿ ಮಲಗಿಕೊಂಡರು. "ಹೋಗು. ಸ್ವಲ್ಪ ಕಣ್ಣು ಮುಚ್ತೀನಿ."

ಅವಳು ಹೊರಗೆ ಬಂದಳು. ಅತ್ತಿಗೆಯ ಮುಖ ಕೆಂಪಾಗಿತ್ತು. "ಯಾರು ಹೇಳು ಅಂದ್ರು ನಿಂಗೆ?" ಎಂದು ಪಿಸುದನಿಯಲ್ಲೇ ಗದರಿದರು. "ನಾನು ಹೇಳಿಸ್ಕೊಳ್ಳೋಕೆ ಮಾಡಿದ್ನಾ? ಈಗ ಕಪ್ಪು ಇಟ್ಟಾಗೆಲ್ಲ ಅವ್ರಿಗೆ ಮುಜುಗರ, ನಂಗೆ ಮುಜುಗರ. ಅಷ್ಟು ಖುಷಿಯಾಗಿ ಹೊರಟಿದ್ದ ಮನುಷ್ಯರನ್ನ..." ಮಡಚಿಟ್ಟ ಅಂಗಿಯನ್ನೇ ಮತ್ತೆ ಬಿಚ್ಚಿ ಮಡಚಿದರು.

"ತಪ್ಪಾಯ್ತು ಅತ್ತಿಗೆ. ಆಗಿನದೂ, ಈಗಿನದೂ" ಎಂದಳು ಅವಳು. ಅತ್ತಿಗೆ ಕಣ್ಣು ಒರೆಸಿಕೊಂಡದ್ದು ಕಂಡಿತು. ಅದನ್ನು ಯಾರಿಗೂ ಹೇಳಬಾರದು ಎಂದು ಅವಳು ತನಗೆ ತಾನೇ ಹೇಳಿಕೊಂಡಳು.

ಸ್ವಲ್ಪ ಹೊತ್ತಾದ ಮೇಲೆ ಕೋಣೆಯಿಂದ ಗೊರಕೆ ಕೇಳಿಸಿತು. ಅತ್ತಿಗೆ ಗಡಿಯಾರ ನೋಡಿ, ಅಪ್ಪನ ಮಧ್ಯಾಹ್ನದ ಮಾತ್ರೆಯನ್ನೂ ನೀರಿನ ಲೋಟವನ್ನೂ ತೆಗೆದುಕೊಂಡು ಎದ್ದರು. ಸರ್ರ್, ಸರ್ರ್ ಎಂದು ಬಾಗಿಲವರೆಗೆ ಹೋಗಿ, ಹೊಸ್ತಿಲ ಹೊರಗೆ ಒಂದು ಕಾಲಿನ ಚಪ್ಪಲಿ ಬಿಟ್ಟರು, ಇನ್ನೊಂದನ್ನೂ ಬಿಟ್ಟರು. ಬರಿಗಾಲಲ್ಲಿ ಒಳಗೆ ಹೆಜ್ಜೆಯಿಟ್ಟು, ಮಂಚದ ಪಕ್ಕದ ಮೇಜಿನ ಮೇಲೆ ಮಾತ್ರೆಯನ್ನೂ ಲೋಟವನ್ನೂ ಸದ್ದಾಗದಂತೆ ಇಟ್ಟು, ಲೋಟವನ್ನು ಒಂದಿಷ್ಟು ಬಲಕ್ಕೆ ಸರಿಸಿದರು.

ಗೊರಕೆ ನಿಂತಿತು. ಅಪ್ಪ ಗೋಡೆಯ ಕಡೆ ಮುಖ ಮಾಡಿಕೊಂಡೇ ಹೇಳಿದರು.

"ನಾನು ಮಲಗಿಲ್ಲ ಕಣಮ್ಮ. ಚಪ್ಪಲಿ ಹಾಕ್ಕೊ. ನೆಲ ತಣ್ಣಗಿದೆ."

ಅಪ್ಪ ಆಮೇಲೆ ಮೆಲ್ಲಗೆ ಕೇಳಿದರು. "ಆ ಪೆಟ್ಟಿಗೇಲಿ ಇಟ್ಟಿರೋದನ್ನೆಲ್ಲ ಮತ್ತೆ ಬೀರುವಿಗೆ ಇಡೋದು ನಿನಗೆ ತೊಂದ್ರೆ ಆಗುತ್ತಾ?"

"ಇಲ್ಲ ಮಾವ" ಎಂದರು ಅತ್ತಿಗೆ. ಅಷ್ಟೇ.

ಹೊಸ್ತಿಲಾಚೆ ನಿಂತಿದ್ದವಳು ಬಗ್ಗಿ, ಅತ್ತಿಗೆಯ ಚಪ್ಪಲಿಗಳನ್ನು ಜೋಡಿಸಿ, ಹಾಕಿಕೊಳ್ಳಲು ಅನುಕೂಲವಾಗುವ ಹಾಗೆ ಹೊರಗಡೆ ಮುಖಮಾಡಿ ತಿರುಗಿಸಿ ಇಟ್ಟಳು. ಅಂಗಾಲಿನ ಜಾಗ ಎರಡರಲ್ಲೂ ಕಾಗದದಷ್ಟು ತೆಳ್ಳಗೆ ಸವೆದಿತ್ತು. ಆಮೇಲೆ ಪೆಟ್ಟಿಗೆಯ ಮುಂದೆ ಕೂತು, ಅಂಗಿಗಳನ್ನು ಒಂದೊಂದಾಗಿ ಹೊರಗೆ ತೆಗೆಯತೊಡಗಿದಳು. ಬಿಳಿಯದಕ್ಕೆ ಒಂದು ಗಂಟು, ನೀಲಿಯದಕ್ಕೆ ಎರಡು. ಒಳಗಿನಿಂದ ಅಪ್ಪ ಇವತ್ತು ಅವಳನ್ನು ಕರೆಯಲಿಲ್ಲ. ಅವಳೂ ಏನೂ ಮಾತಾಡಲಿಲ್ಲ.